ಕಿವಿ ಮಾತ್ರ ಇದ್ದ ಕಲ್ಲುಗಳು

ಫೆಬ್ರವರಿ ಐದರ ಪುಟದಲ್ಲಿ ಹನ್ನೊಂದು ಗೀಟುಗಳಿವೆ. ಅಕ್ಕನ ಮಗಳ ಕೈ ಕಣ್ಣಿನ ಪಟ್ಟಿಯ ಕಡೆಗೆ ಹೋದಾಗಲೆಲ್ಲ ಒಂದೊಂದು ಎಳೆದದ್ದು. ಎರಡು ಸಲ ಪಟ್ಟಿಯ ಅಂಚನ್ನು ಕಿತ್ತೂ ಇದ್ದಳು. ಆ ಎರಡು ಗೀಟುಗಳ ಮೇಲೆ ಅಡ್ಡಗೆರೆ ಹಾಕಿದ್ದೇನೆ. ಎಂಟನೆಯ ತರಗತಿಯಿಂದ ನಾನು ದಿನಚರಿ ಬರೆಯುತ್ತಿದ್ದೇನೆ. ಎಣಿಸಲು ಬರುವುದನ್ನೆಲ್ಲ ಎಣಿಸುತ್ತೇನೆ. ಎಣಿಸಿದರೆ ಭಯ ಸ್ವಲ್ಪ ಕಡಿಮೆಯಾಗುತ್ತದೆ.

ಆಗ ಭಯಕ್ಕೆ ಕಾರಣವಿತ್ತು. ಹುಡುಗಿಗೆ ಒಂಬತ್ತು ವರ್ಷ. ಎಡಗಣ್ಣು ಹುಟ್ಟಿನಿಂದಲೇ ಮಂಕು. ಬೆಳಕು ಯಾವ ಕಡೆಯಿದೆ ಎಂಬುದಷ್ಟೇ ಅದಕ್ಕೆ ತಿಳಿಯುತ್ತದೆ. ಓದುವುದು, ಬರೆಯುವುದು, ಓಡುವುದು ಎಲ್ಲ ಬಲಗಣ್ಣಿನ ಮೇಲೆ. ಅವರ ಊರು ದೇವದುರ್ಗ ತಾಲ್ಲೂಕಿನ ಗೂಗಲ್. ಮೂರನೆಯ ತಾರೀಖು ಮನೆಯ ಹಿಂದೆ ಒಟ್ಟಿದ್ದ ಹತ್ತಿಕಟ್ಟಿಗೆಯ ರಾಶಿಯ ಮೇಲಿಂದ ಜಾರುವ ಆಟ ಆಡುವಾಗ ಒಂದು ಒಣಕಡ್ಡಿ ಆ ಬಲಗಣ್ಣಿಗೇ ಚುಚ್ಚಿತು. ಮರುದಿನ ರಾಯಚೂರಿನ ಕಣ್ಣಿನ ಆಸ್ಪತ್ರೆಯಲ್ಲಿ ಹೊಲಿಗೆ ಹಾಕಿದರು. ಒಂದು ಕಣ್ಣು ಆಡಿದರೆ ಇನ್ನೊಂದೂ ಆಡುತ್ತದೆ, ಆದ್ದರಿಂದ ಎರಡಕ್ಕೂ ಒಂಬತ್ತು ದಿನ ಪಟ್ಟಿ ಇರಲಿ ಎಂದರು ಡಾಕ್ಟರಮ್ಮ. ನರ್ಸ್ ಹನಿ ಹಾಕಲು ಪಟ್ಟಿ ಸಡಿಲಿಸಿದಾಗಲೂ ಹುಡುಗಿ ಕಣ್ಣು ತೆರೆದು ನೋಡಬಾರದು. ದೃಷ್ಟಿ ಉಳಿಯುತ್ತದೆಯೋ ಇಲ್ಲವೋ ಹದಿಮೂರರಂದು ಪಟ್ಟಿ ಬಿಚ್ಚಿದ ಮೇಲೆ ನೋಡೋಣ ಎಂದು, ಅಕ್ಕನ ಮುಖ ನೋಡದೆ ಹೇಳಿದ್ದರು.

ಅಕ್ಕನಿಗೆ ಎರಡು ತಿಂಗಳ ಕೂಸು. ವಾರ್ಡಿನೊಳಗೆ ಹಸುಗೂಸನ್ನು ಬಿಡುತ್ತಿರಲಿಲ್ಲ. ನಾನು ರಾಯಚೂರಿನಲ್ಲಿ ಬಿ.ಎಡ್ ಓದುತ್ತ ಸ್ಟೇಷನ್ ಹತ್ತಿರ ಒಂದು ಬಾಡಿಗೆ ಕೋಣೆಯಲ್ಲಿದ್ದೆ. ಅಕ್ಕ ಕೂಸಿನೊಡನೆ ನನ್ನ ಕೋಣೆಗೆ ಬಂದಳು, ನಾನು ಹುಡುಗಿಯ ಮಂಚದ ಪಕ್ಕಕ್ಕೆ ಹೋದೆ. ಅಕ್ಕ ದಿನಕ್ಕೆ ಎರಡು ಸಲ ಆಟೊದಲ್ಲಿ ಬಂದು, ಕೂಸನ್ನು ಮೆಟ್ಟಿಲ ಹತ್ತಿರ ನನ್ನ ಕೈಗೆ ಕೊಟ್ಟು ಒಳಗೆ ಹೋಗಿ ಮಗಳನ್ನು ಮುಟ್ಟಿ ಬರುತ್ತಿದ್ದಳು.

ಹನ್ನೊಂದು ಗೀಟುಗಳ ಮರುದಿನ ನಾನು ಕೋಣೆಗೆ ಹೋಗಿ ನನ್ನ ಕಲ್ಲಿನ ಡಬ್ಬಿ ತಂದೆ.

ಹದಿನಾರನೆಯ ವಯಸ್ಸಿನಿಂದ, ಹೊಳೆದಂಡೆಗೆ ಹೋದಾಗಲೆಲ್ಲ ಒಂದು ಕಲ್ಲು ಎತ್ತಿಕೊಂಡು ಬರುವ ರೂಢಿ ನನ್ನದು. ಹೆಚ್ಚಿನವು ಗೂಗಲ್ಲಿನ ಗುಡಿಯ ಕೆಳಗಿನ ಕೃಷ್ಣೆಯ ದಂಡೆಯವು. ಬಿಳಿ ಬೆಣಚುಕಲ್ಲು, ಗಾಜಿನಂತೆ ತಿಳಿಯಾದದ್ದು, ಬೆಲ್ಲದ ಬಣ್ಣದ್ದು, ಒಳಗೆ ಬಿರುಕು ಬಿಟ್ಟು ಬೆಳಕು ಹಿಡಿಯುವಂಥದ್ದು. ಒಟ್ಟು ಇಪ್ಪತ್ಮೂರು. ಪ್ರತಿಯೊಂದರ ತಾರೀಖೂ ನನ್ನಲ್ಲಿದೆ. ಅವುಗಳಲ್ಲಿ ಎಲ್ಲಕ್ಕಿಂತ ತಣ್ಣಗಿದ್ದ, ಆರು ಮೂಲೆಯ ಒಂದನ್ನು ಹುಡುಗಿಯ ಅಂಗೈಯಲ್ಲಿಟ್ಟು, ಇದು ಕತ್ತಲಲ್ಲಿ ಎಚ್ಚರಾಗುವ ಕಲ್ಲು ಎಂದೆ.

ಅಷ್ಟು ಹೇಳುವಾಗ ಮುಂದಿನದು ನನಗೂ ಗೊತ್ತಿರಲಿಲ್ಲ. ಅವಳೇ ಕೇಳುತ್ತ ಹೋದಳು. ಹೇಗೆ ಎಚ್ಚರಾಗುತ್ತದೆ? ಅಂಗೈಯಲ್ಲಿ ಬಿಸಿಯಾದಾಗ. ಎಚ್ಚರಾದ ಮೇಲೆ ಏನು ಮಾಡುತ್ತದೆ? ಹೇಳಿದ ಕೆಲಸ ಮಾಡುತ್ತದೆ. ಎಷ್ಟು ಕೆಲಸ? ಒಂದು ಕಲ್ಲಿಗೆ ಒಂದೇ. ಯಾರ ಕೆಲಸ? ಇಲ್ಲಿ ನಾನು ಯೋಚಿಸಿ ಹೇಳಿದೆ. ಕಲ್ಲಿನ ಒಡತಿ ತನಗಾಗಿ ಏನೂ ಕೇಳುವಂತಿಲ್ಲ, ಬೇರೆಯವರಿಗೆ ಮಾತ್ರ. ಅವಳು ತನ್ನ ಕಣ್ಣನ್ನೇ ಕೇಳಿ, ಆಮೇಲೆ ಅದು ಸಿಗದೆ ಹೋದರೆ ಎಂಬ ಹೆದರಿಕೆ ನನಗಿತ್ತು.

"ಇದನ್ನ ಬರದೀ ಏನು?" ಎಂದಳು. "ಬರಿ. ತಾರೀಖು ಹಾಕು."

ಹಾಗೆ ನನ್ನ ದಿನಚರಿಯ ಹಿಂಬದಿಯಿಂದ ಕಲ್ಲಿನ ನಿಯಮಗಳು ಶುರುವಾದವು. ಆರನೆಯ ತಾರೀಖಿನ ಸಂಜೆಗೆ ಆರು ನಿಯಮಗಳಾಗಿದ್ದವು. ಏಳನೆಯದನ್ನು ಮರುದಿನ ಬರೆದೆ. ಈ ಕಲ್ಲುಗಳು ಕಣ್ಣು ಕಾಣದವರ ಕೈಯಲ್ಲಿ ಮಾತ್ರ ಎಚ್ಚರವಿರುತ್ತವೆ; ಒಡತಿಗೆ ಕಣ್ಣು ಕಂಡ ಗಳಿಗೆಗೆ ಅವಳ ಕಲ್ಲುಗಳೆಲ್ಲ ಕಾಯಂ ಆಗಿ ಮಲಗುತ್ತವೆ. ಪಟ್ಟಿಗೆ ಅವಳು ಕೈ ಹಚ್ಚದಿರಲಿ ಎಂದೇ ಮಾಡಿದ ನಿಯಮ ಅದು. ಫಲ ಕೊಟ್ಟಿತು. ಏಳರಂದು ನಾಲ್ಕು ಗೀಟು, ಎಂಟರಂದು ಒಂದೂ ಇಲ್ಲ. ನನ್ನ ಜಾಣತನಕ್ಕೆ ನಾನೇ ಮೆಚ್ಚಿ, ಆ ಖಾಲಿ ಪುಟದಲ್ಲಿ ಒಂದು ನಕ್ಷತ್ರ ಬಿಡಿಸಿದ್ದೇನೆ.

ಎಂಟರಂದೇ ಅವಳು ಒಂದು ಪ್ರಶ್ನೆ ಕೇಳಿದಳು. ನನಗೆ ಕಣ್ಣು ಕಂಡಿತು ಅಂತ ಕಲ್ಲಿಗೆ ಹೇಗೆ ಗೊತ್ತಾಗುತ್ತದೆ? ಕಲ್ಲಿಗೆ ಕಣ್ಣಿದೆಯೇ? ಇಲ್ಲ, ಕಿವಿ ಮಾತ್ರ ಇದೆ, ಎರಡನೆಯ ನಿಯಮದಲ್ಲೇ ಬರೆದಿದೆಯಲ್ಲ ಎಂದೆ. ಕೆಲಸವನ್ನು ಬಾಯಿಂದ ಹೇಳಬೇಕಾದದ್ದು ಅದಕ್ಕೇ. ಒಡತಿ ತನ್ನ ಬಾಯಿಂದ ‘ಕಾಣುತ್ತದೆ’ ಅಂದದ್ದು ಕಿವಿಗೆ ಬಿದ್ದರೆ ಕಲ್ಲಿಗೆ ತಿಳಿಯುತ್ತದೆ. ಅದನ್ನೂ ಏಳನೆಯದರ ಕೆಳಗೆ ಸೇರಿಸಿದೆ. ಲೆಕ್ಕದಲ್ಲಿ ಸಂದು ಬಿಡಬಾರದು ಎಂಬುದು ನನ್ನ ಸ್ವಭಾವ.

ಒಂಬತ್ತರ ಮಧ್ಯಾಹ್ನ ಇನ್ನೊಂದು ನಡೆಯಿತು. ಇದು ಮಾತ್ರ ನಾನು ಕಟ್ಟಿದ್ದಲ್ಲ. ಅವಳು ಎರಡು ಬೆಣಚುಕಲ್ಲುಗಳನ್ನು ಒಂದಕ್ಕೊಂದು ಉಜ್ಜುತ್ತ, ಸದ್ದಿನಿಂದ ಅವನ್ನು ಗುರುತಿಸುವ ಆಟ ಆಡುತ್ತಿದ್ದಳು. ಉಜ್ಜುವುದನ್ನು ನಿಲ್ಲಿಸಿ ಮೂಗಿಗೆ ಹಿಡಿದಳು.

"ಚಿಗವ್ವಾ, ಕಲ್ಲು ಸುಡಾಕತ್ತಾವ."

ನಾನು ಮೂಸಿದೆ. ನಿಜವಾಗಿಯೂ ಸುಟ್ಟ ವಾಸನೆಯಿತ್ತು, ಪಟಾಕಿ ಹಾರಿಸಿದ ಮೇಲೆ ಉಳಿಯುವಂಥದು. ಕಲ್ಲು ಮಾತ್ರ ತಣ್ಣಗಿತ್ತು. ಇಬ್ಬರೂ ದಪ್ಪ ಕಂಬಳಿಯನ್ನು ತಲೆಯ ಮೇಲೆ ಹೊದ್ದು, ಸುತ್ತ ಅಂಚನ್ನು ಮಂಡಿಯಿಂದ ಒತ್ತಿ ಕೂತೆವು. ಜೋರಾಗಿ ಉಜ್ಜು ಎಂದೆ. ಉಜ್ಜಿದಳು. ಕಲ್ಲಿನ ಹೊರಗಲ್ಲ, ಒಳಗೆ, ಹೊಟ್ಟೆಯೊಳಗೆ ಒಂದು ಹಳದಿ ಬೆಳಕು ಹತ್ತಿ ಆರಿತು. ಮತ್ತೆ ಉಜ್ಜಿದಳು. ಮತ್ತೆ ಹತ್ತಿತು. ಅವಳ ಬೆರಳುಗಳ ಸಂದಿಯಿಂದ ಬೆಳಕು ಬಂದದ್ದನ್ನು ನಾನು ನೋಡಿದೆ. ಬಿ.ಎಸ್ಸಿ ಓದಿದವಳು ನಾನು. ಎಂಟು ವರ್ಷ ಇವೇ ಕಲ್ಲುಗಳನ್ನು ಡಬ್ಬಿಯಲ್ಲಿಟ್ಟುಕೊಂಡು ತಾರೀಖು ಬರೆದವಳು. ಅವುಗಳ ಒಳಗೆ ಬೆಳಕಿದೆ ಎಂದು, ಕಣ್ಣು ಕಟ್ಟಿದ ಒಂಬತ್ತು ವರ್ಷದ ಹುಡುಗಿ ಮೂಗಿನಿಂದ ತೋರಿಸಿಕೊಟ್ಟಳು. ಹೇಗೆ ಕಾಣುತ್ತದೆ ಎಂದು ಅವಳು ಕೇಳಿದಾಗ, ಒಳಗೆ ದೀಪ ಹತ್ತಿದಂತೆ ಎಂದೆ. ಬರೀ ಕಟ್ಟುಕಥೆ ಎಂದುಕೊಂಡಿದ್ದ ನಿಯಮಗಳ ಪುಟವನ್ನು ಆ ದಿನದಿಂದ ನಾನು ಸ್ವಲ್ಪ ಮೆಲ್ಲಗೆ ತಿರುವತೊಡಗಿದೆ.

ಪಕ್ಕದ ಮಂಚದಲ್ಲಿ ಒಬ್ಬ ಅಜ್ಜಿಯಿದ್ದಳು. ಮಾನ್ವಿ ತಾಲ್ಲೂಕಿನ ಚೀಕಲಪರ್ವಿಯವಳು, ತುಂಗಭದ್ರೆಯ ದಂಡೆಯ ಊರು. ಎರಡೂ ಕಣ್ಣಿಗೆ ಪೊರೆ ಬಂದು ಮಬ್ಬು. ಮೊದಲು ಒಂದು ಕಣ್ಣಿನ ಆಪರೇಷನ್ ಮಾಡಬೇಕಿತ್ತು, ಆದರೆ ಮೈಯಲ್ಲಿ ಸಕ್ಕರೆ ಹೆಚ್ಚಿದೆ ಎಂದು ಮುಂದೆ ಹಾಕುತ್ತಲೇ ಇದ್ದರು. ಜೊತೆಗೆ ಸೊಸೆಯಿದ್ದಳು. ಅಜ್ಜಿಗೆ ಹೊತ್ತು ಹೋಗಲು ನಾವೇ ಬೇಕು. ನಾನು ಸಂಜೆ ಕಲ್ಲುಗಳನ್ನು ಎಣಿಸಿ ಡಬ್ಬಿಗೆ ಹಾಕುವ ಸದ್ದು ಕೇಳಿ, "ಏನಬೇ ಮಾಸ್ತರಿಣಿ, ಕಲ್ಲಿಗೂ ಹಾಜರಿ ಹಾಕ್ತಿಯೇನು? ಒಂದಾದರೂ ‘ಬಂದೀನ್ರೀ’ ಅಂತದೇನು?" ಎಂದು ಕೇಳಿದ್ದಳು. ಹುಡುಗಿ ಬಿದ್ದು ಬಿದ್ದು ನಕ್ಕಿದ್ದಳು.

ಹುಡುಗಿ ಇಪ್ಪತ್ಮೂರು ಕಲ್ಲುಗಳನ್ನೂ ಮುಟ್ಟಿಯೇ ಗುರುತು ಹಿಡಿಯುತ್ತಿದ್ದಳು. ಹನ್ನೊಂದರಂದು ಪರೀಕ್ಷೆ ಮಾಡಿದೆ, ಇಪ್ಪತ್ಮೂರಕ್ಕೆ ಇಪ್ಪತ್ಮೂರು. ಒಂದೊಂದಕ್ಕೂ ಕೆಲಸ ಹಚ್ಚಿಯಾಗಿತ್ತು. ತಮ್ಮನ ಕೆಮ್ಮಿಗೆ ಒಂದು. ಎಮ್ಮೆ ಈಯುವುದಕ್ಕೆ ಒಂದು. ದೇವದುರ್ಗದ ಬಸ್ಸಿಗೆ ಬರುವ ಅಪ್ಪನಿಗೆ ಸೀಟು ಸಿಗಲು ಒಂದು. ಕೆಲಸ ಹೇಳುವಾಗ ಕಲ್ಲನ್ನು ತುಟಿಗೆ ಹಚ್ಚಿ, ನನಗೂ ಕೇಳಿಸದಂತೆ ಪಿಸುಗುಟ್ಟಿ, ಆಮೇಲೆ ಬರೆದುಕೊಳ್ಳಲು ನನಗೆ ಹೇಳುತ್ತಿದ್ದಳು. ಎರಡು ಕಲ್ಲುಗಳ ಕೆಲಸವನ್ನು ಮಾತ್ರ ನನಗೂ ಹೇಳಿರಲಿಲ್ಲ.

ಹನ್ನೆರಡರ ಮಧ್ಯಾಹ್ನ ಅಜ್ಜಿಯ ಸಕ್ಕರೆ ಇಳಿದಿದೆ, ಹದಿನಾಲ್ಕಕ್ಕೆ ಆಪರೇಷನ್ ಎಂದು ಹೇಳಿ ಹೋದರು. ನಾನು ಚಹಾ ತರಲು ಕೆಳಗೆ ಹೋಗಿದ್ದೆ. ಮರಳಿ ಬಂದಾಗ ಅಜ್ಜಿ ಮಂಚದ ಅಂಚಿನಲ್ಲಿ ಕೂತು ಸೆರಗನ್ನು ಎರಡೂ ಕೈಯಲ್ಲಿ ಗಂಟಾಗಿ ಹಿಡಿದಿದ್ದಳು. ಚಹಾ ಕೊಟ್ಟರೆ ಕೈ ನೀಡಲಿಲ್ಲ. ಎಣಿಸಿದಾಗ ಕಲ್ಲು ಇಪ್ಪತ್ತೆರಡಿದ್ದವು. ಚೀಕಲಪರ್ವಿಯ ಕಲ್ಲು ಇರಲಿಲ್ಲ. ಗೆಳತಿಯ ಮದುವೆಗೆಂದು ಮಾನ್ವಿಗೆ ಹೋದಾಗ ಆ ದಂಡೆಯಿಂದ ತಂದದ್ದು. ಎಲ್ಲಿ ಎಂದು ಹುಡುಗಿಯನ್ನು ಕೇಳಿದೆ. ಅದು ಕೆಲಸಕ್ಕೆ ಹೋಗಿದೆ ಎಂದಳು. ಹಾಗೆಯೇ ಬರೆದುಕೊಂಡೆ.

ಹದಿಮೂರರ ಬೆಳಿಗ್ಗೆ ಪರೀಕ್ಷೆಯ ಕೋಣೆಯಲ್ಲಿ ಪಟ್ಟಿ ಬಿಚ್ಚಿದರು. ಹುಡುಗಿಯ ಎಡಮುಷ್ಟಿಯಲ್ಲಿ ಆರು ಮೂಲೆಯ ಕಲ್ಲಿತ್ತು. ಅಕ್ಕ ಕೂಸನ್ನು ಭಾವನ ಕೈಗೆ ಕೊಟ್ಟು ಒಳಗೆ ಬಂದಿದ್ದಳು. ಡಾಕ್ಟರಮ್ಮ ಕಣ್ಣಿಗೆ ಸಣ್ಣ ಬ್ಯಾಟರಿಯ ಬೆಳಕು ಬಿಟ್ಟರು, ಆಮೇಲೆ ಎರಡು ಬೆರಳು ಎತ್ತಿ ಹಿಡಿದರು.

"ಎಷ್ಟು ಕಾಣ್ತಾವ ಹೇಳು."

"ಏನೂ ಕಾಣವಲ್ದು," ಎಂದಳು ಹುಡುಗಿ.

ಗೋಡೆಯ ಮೇಲಿನ ದೊಡ್ಡ ಅಕ್ಷರ ತೋರಿಸಿದರು. ಅದೇ ಉತ್ತರ. ಕಿಟಕಿ ತೋರಿಸಿದರು. ಅದೇ ಉತ್ತರ. ಅಕ್ಕ ಅಲ್ಲೇ ನೆಲದ ಮೇಲೆ ಕೂತಳು. ಅಳಲಿಲ್ಲ. ಸೆರಗಿನ ತುದಿಯನ್ನು ಬೆರಳಿಗೆ ಸುತ್ತುತ್ತ, ಬಿಚ್ಚುತ್ತ ಕೂತಳು. ಡಾಕ್ಟರಮ್ಮ ಹುಬ್ಬು ಗಂಟಿಕ್ಕಿ ಮತ್ತೆ ಮತ್ತೆ ನೋಡಿದರು. ಹೊಲಿಗೆ ಚೆನ್ನಾಗಿ ಕೂತಿದೆ, ಪಾಪೆ ಬೆಳಕಿಗೆ ಸರಿಯಾಗಿ ಕುಗ್ಗುತ್ತಿದೆ, ಎರಡು ದಿನ ನೋಡೋಣ, ಇಲ್ಲವಾದರೆ ಹೈದರಾಬಾದಿಗೆ ಬರೆದುಕೊಡುತ್ತೇನೆ ಎಂದರು. ಪಟ್ಟಿಯ ಬದಲು ಕಪ್ಪು ಕನ್ನಡಕ ಹಾಕಿ ಕಳಿಸಿದರು. ಆ ದಿನದ ನನ್ನ ಪುಟದಲ್ಲಿ ತಾರೀಖು ಬಿಟ್ಟು ಬೇರೇನೂ ಇಲ್ಲ.

ಮರುದಿನ ಬೆಳಿಗ್ಗೆ ಹತ್ತಕ್ಕೆ ಅಜ್ಜಿಯನ್ನು ಆಪರೇಷನ್‌ಗೆ ಕರೆದೊಯ್ದರು. ಸೆರಗಿನ ಗಂಟನ್ನು ಬಿಚ್ಚಿ ಬಟ್ಟೆ ಬದಲಿಸಲು ಒಲ್ಲೆನೆಂದು ಅಜ್ಜಿ ಬಹಳ ಹಟ ಮಾಡಿದಳಂತೆ. ಹನ್ನೊಂದೂವರೆಗೆ ಒಂದು ಕಣ್ಣಿಗೆ ಪಟ್ಟಿ ಕಟ್ಟಿಸಿಕೊಂಡು ಬಂದು ಮಲಗಿದಳು. ನಾಳೆ ಬಿಚ್ಚುತ್ತಾರೆ ಎಂದಳು ಸೊಸೆ.

ನಾನು ಹೊರಗಿನ ಬಂಡಿಯಿಂದ ಮಂಡಾಳ ಒಗ್ಗರಣಿ, ಅಂದರೆ ಒಗ್ಗರಣೆ ಹಾಕಿದ ಮಂಡಕ್ಕಿ, ಕಟ್ಟಿಸಿಕೊಂಡು ಬಂದು ಕಾಗದ ಬಿಡಿಸಿ ಹುಡುಗಿಯ ತೊಡೆಯ ಮೇಲಿಟ್ಟೆ. ಅವಳು ಕನ್ನಡಕ ತೆಗೆದಿಟ್ಟು, ತಲೆ ಬಗ್ಗಿಸಿ ತಿನ್ನುತ್ತಿದ್ದಳು. ಅಕ್ಕನಿಗೆ ಏನು ಹೇಳಬೇಕೆಂದು ಯೋಚಿಸುತ್ತ ಕೂತಿದ್ದ ನನ್ನ ಕಣ್ಣು ಸುಮ್ಮನೆ ಕಾಗದದ ಅಂಚಿಗೆ ಹೋಯಿತು. ಅಲ್ಲಿ ಹಸಿಮೆಣಸಿನಕಾಯಿಯ ಚೂರುಗಳಿದ್ದವು. ಅಭ್ಯಾಸಬಲದಿಂದ ಎಣಿಸಿದೆ. ಏಳು.

ಹಿಂದಿನ ಪುಟಗಳನ್ನು ತಿರುವಿದೆ. ಪಟ್ಟಿ ಇದ್ದ ಒಂಬತ್ತು ದಿನಗಳಲ್ಲಿ ಮೂರು ಸಲ ಒಗ್ಗರಣಿ ತಿಂದಿದ್ದಳು, ಮೂರು ಸಲವೂ ಮೆಣಸಿನಕಾಯಿ ಕಚ್ಚಿ ನೀರು ನೀರು ಎಂದು ಒದರಿದ್ದಳು. ಅದನ್ನೂ ಬರೆದಿದ್ದೆ. ಈಗ ಒಗ್ಗರಣಿಯೊಳಗೆ ಒಂದೇ ಒಂದು ಚೂರು ಉಳಿದಿತ್ತು. ನಾನು ನೋಡುತ್ತಿರುವಾಗಲೇ ಆ ಎಂಟನೆಯದನ್ನು, ಹಸಿರು ಕರಿಬೇವಿನ ಪಕ್ಕದಿಂದ, ಎರಡು ಬೆರಳಲ್ಲಿ ಎತ್ತಿ ಅಂಚಿಗಿಟ್ಟಳು.

ಅವಳ ಹೆಸರು ಕರೆಯಲು ಬಾಯಿ ತೆರೆದೆ. ಅವಳು ತಲೆಯೆತ್ತಿ ನೇರ ನನ್ನ ಮುಖ ನೋಡಿ, ಒಗ್ಗರಣಿಯ ಎಣ್ಣೆ ಹತ್ತಿದ ಕೈಯಿಂದ ನನ್ನ ಬಾಯಿ ಮುಚ್ಚಿದಳು. ಇನ್ನೊಂದು ಕೈಯ ಬೆರಳು ಕಲ್ಲಿನ ಡಬ್ಬಿಯ ಕಡೆಗಿತ್ತು.

"ಮೆಲ್ಲಗ," ಎಂದಳು, ಉಸಿರಲ್ಲಿ. "ಕೇಳಸ್ತದ."

ಡಬ್ಬಿಯನ್ನು ಮಂಚದ ಮೇಲೆಯೇ ಬಿಟ್ಟು ಇಬ್ಬರೂ ವಾರ್ಡಿನಿಂದ ಹೊರಗೆ ಬಂದೆವು. ಬಾಗಿಲಲ್ಲಿ ನಿಲ್ಲಲು ಹೋದರೆ ಬೇಡವೆಂದು ಜಗ್ಗಿದಳು. ಎರಡು ಸುತ್ತು ಮೆಟ್ಟಿಲು ಇಳಿದು, ನೀರಿನ ಟಾಕಿಯ ಹತ್ತಿರ ಹೋದ ಮೇಲೆ ನಿಂತಳು.

"ನಿನ್ನ ಮೂಗುತಿ ಕಾಣ್ತದ," ಎಂದಳು. "ಅಕ್ಷರ ಸ್ವಲ್ಪ ಮಬ್ಬು. ಮೂಗುತಿ ಚಂದ ಕಾಣ್ತದ."

ನಾನು ಅಲ್ಲಿಯೇ ಮೆಟ್ಟಿಲ ಮೇಲೆ ಕೂತೆ. ಎಷ್ಟು ಹೊತ್ತು ಎಂದು ಎಣಿಸಲಿಲ್ಲ. ಆಮೇಲೆ ಸಿಟ್ಟು ಬಂತು. ನಿನ್ನೆಯಿಂದ ನಿನ್ನವ್ವ ಬಾಯಿಗೆ ಅನ್ನ ಇಟ್ಟಿಲ್ಲ, ಗೊತ್ತೇನು ಎಂದೆ. ಅವಳಿಗೆ ಗೊತ್ತಿತ್ತು. ಕಣ್ಣಲ್ಲಿ ನೀರು ಬಂತು; ಕಣ್ಣು ತಿಕ್ಕಬಾರದೆಂದು ಡಾಕ್ಟರು ಹೇಳಿದ್ದು ನೆನಪಿಟ್ಟು, ತಿಕ್ಕದೆ ಹಾಗೇ ಬಿಟ್ಟಳು. ಪಟ್ಟಿ ಬಿಚ್ಚಿದ ತಕ್ಷಣವೇ ಕಂಡಿತ್ತಂತೆ. ಆದರೆ ಮುಷ್ಟಿಯಲ್ಲಿ ಕಲ್ಲಿತ್ತು. ಕಾಣುತ್ತದೆ ಎಂದಿದ್ದರೆ ಅದಕ್ಕೆ ಕೇಳುತ್ತಿತ್ತು. ಅವ್ವನಿಗೆ ಗುಟ್ಟಾಗಿ ಹೇಳಿದರೂ ಆಕೆ ಸಂತೋಷಕ್ಕೆ ವಾರ್ಡಿನೊಳಗೆ ಬಂದು ಒದರಿ, ಮಗಳ ಬಾಯಿಂದಲೂ ಹೇಳಿಸದೆ ಬಿಡುವವಳಲ್ಲ. ಕಲ್ಲುಗಳೆಲ್ಲ ಮಲಗಿದರೆ ಚೀಕಲಪರ್ವಿಯ ಕಲ್ಲಿಗೆ ಹಚ್ಚಿದ್ದ ಅಜ್ಜಿಯ ಕಣ್ಣಿನ ಕೆಲಸ ಅರ್ಧಕ್ಕೇ ನಿಲ್ಲುತ್ತದೆ. ನಾಳೆ ಅಜ್ಜಿಯ ಪಟ್ಟಿ ಬಿಚ್ಚುವವರೆಗೆ ತಡೆದರೆ ಸಾಕು.

ಇದೆಲ್ಲ ಆಟ, ನಾನೇ ಕಟ್ಟಿದ್ದು ಎಂದು ಹೇಳಬಹುದಿತ್ತು. ನಾಲಿಗೆಯ ತುದಿಗೆ ಬಂದಿತ್ತು. ಆದರೆ ಒಂದೂವರೆ ದಿನ ಕಣ್ಣಿದ್ದೂ ಕಾಣದವಳಂತೆ ಗೋಡೆ ಹಿಡಿದು ನಡೆದ, ಅವ್ವನ ಮುಖ ನೋಡಿಯೂ ನೋಡದಂತಿದ್ದ ಈ ಹುಡುಗಿಯ ಮುಂದೆ ಆ ಮಾತು ಬಹಳ ಸಣ್ಣದೆನಿಸಿತು. ನಿಯಮ ಅಳಿಸಿ ತಿದ್ದೋಣವೇ ಎಂದು ಮಾತ್ರ ಕೇಳಿದೆ.

"ಬರದದ್ದು ಬರದದ್ದು," ಎಂದಳು. "ತಾರೀಖು ಹಾಕೀದಿ. ಮತ್ತ ನಾ ಆ ಬಾಜೂ ಮಂಚದ ಯವ್ವಗ ಉಡಿ ತುಂಬೀನಿ."

ಹನ್ನೆರಡರ ಮಧ್ಯಾಹ್ನ ನಡೆದದ್ದು ಆಗ ಗೊತ್ತಾಯಿತು. ಹೆಣ್ಣುಮಕ್ಕಳು ದೂರ ಹೊರಟಾಗ ಅವ್ವ ಉಡಿ ತುಂಬುವುದನ್ನು ಅವಳು ನೋಡಿದ್ದಳು: ಸೆರಗಿನಲ್ಲಿ ಅಕ್ಕಿ, ಕೊಬ್ಬರಿ ಬಟ್ಟಲು, ಅಡಿಕೆ ಹಾಕಿ ಗಂಟು ಕಟ್ಟಿಸುವುದು. ಅಜ್ಜಿ ಆಪರೇಷನ್‌ಗೆ ಹೊರಟವಳು. ಅಕ್ಕಿಯಿಲ್ಲ, ಕಲ್ಲಿದೆ. ಸೆರಗು ಒಡ್ಡ್ರಿ ಯವ್ವಾ ಎಂದು ಹೇಳಿ, ತಡವಿ ತಡವಿ, ನಿಮ್ಮೂರ ಹೊಳೆಯದೇ ಎಂದು ಹೇಳಿ, ಆ ಕಲ್ಲನ್ನು ಹಾಕಿದ್ದಳು.

ಅಜ್ಜಿಯ ಹಣೆಯಲ್ಲಿ ಕುಂಕುಮವಿಲ್ಲ, ಕೈಯಲ್ಲಿ ಬಳೆಯಿಲ್ಲ. ಗಂಡ ಸತ್ತ ಹೆಂಗಸಿಗೆ ನಮ್ಮಲ್ಲಿ ಯಾರೂ ಉಡಿ ತುಂಬುವುದಿಲ್ಲ. ತುಂಬುವ ಹೊತ್ತಿಗೆ ಅವರೇ ಎದ್ದು ಒಳಗೆ ಹೋಗುತ್ತಾರೆ. ಕಣ್ಣು ಕಟ್ಟಿದ್ದವಳಿಗೆ ಅದು ಹೇಗೆ ತಿಳಿಯಬೇಕು? ಅಂಜುತ್ತಲೇ ಹೇಳಿದೆ. ಹಾಗಾದರೆ ಉಡಿ ತಪ್ಪಾಯಿತೇ, ಕಲ್ಲು ಕೆಲಸ ಮಾಡುವುದಿಲ್ಲವೇ ಎಂದಳು. ನನ್ನ ಪುಸ್ತಕದಲ್ಲಿ ಅದಕ್ಕೆ ನಿಯಮವಿರಲಿಲ್ಲ. ಅಜ್ಜಿಯನ್ನೇ ಕೇಳೋಣ ಎಂದೆ.

ಡಬ್ಬಿಯನ್ನು ಸೊಸೆಯ ಕೈಗೆ ಕೊಟ್ಟು ಹೊರಗೆ ಕಳಿಸಿ, ಅಜ್ಜಿಯ ಕಿವಿಯ ಹತ್ತಿರ ಬಗ್ಗಿ ಎಲ್ಲವನ್ನೂ ಹೇಳಿದೆವು. ಚೀಕಲಪರ್ವಿಯ ಕಲ್ಲು ಅಜ್ಜಿಯ ಮುಷ್ಟಿಯಲ್ಲೇ ಇತ್ತು, ಆದರೆ ಅದನ್ನು ಹೊರಗೆ ಕಳಿಸಲು ಆಕೆ ಒಪ್ಪಲಿಲ್ಲ; ಬಟ್ಟೆ ಸುತ್ತಿ ದಿಂಬಿನ ಕೆಳಗೆ ತುರುಕಿದಳು, ಕಿವಿ ಮುಚ್ಚಿದಂತೆ.

"ಹದಿನೆಂಟು ವರ್ಷ ಆತು, ಈ ಸೆರಗಿನಾಗ ಯಾರೂ ಏನೂ ಹಾಕಿದ್ದಿಲ್ಲ. ನೀ ಒಡ್ಡು ಅಂದಾಗ ನಾ ಹೇಳಬೇಕಿತ್ತು. ಹೇಳಲಿಲ್ಲ. ಆಸಿ ಆತು," ಎಂದಳು. ಆಮೇಲೆ ಹುಡುಗಿಯ ಕೈ ಹುಡುಕಿ ಹಿಡಿದಳು. "ಈಗ ನಾ ಹೇಳೂದು ಕೇಳು ಕೂಸ. ಉಡ್ಯಾಗ ಬಿದ್ದದ್ದು ಹಾಕಿದವರದಲ್ಲ. ಅದು ನನ್ನ ಕಲ್ಲು. ನಿನ್ನ ಕಣ್ಣಿಗೂ ಅದಕ್ಕೂ ಋಣ ಹರೀತು. ನೀ ಕಾಣ್ತದ ಅಂದ್ರ ಅದು ಯಾಕ ಮಲಗ್ತದ?"

ಹುಡುಗಿ ಯೋಚಿಸಿದಳು. ಒಡತಿ ತನಗಾಗಿ ಕೇಳುವಂತಿಲ್ಲವಲ್ಲ ಎಂದು ಮೂರನೆಯ ನಿಯಮ ಎತ್ತಿದಳು.

"ಕೇಳಿದಾಕಿ ನೀನು. ಆಗ ಕಲ್ಲು ನಿಂದಿತ್ತು. ಬಾಯಿಂದ ಹೊಂಟ ಮಾತು ಹೊಳ್ಳಿ ಬರ್ತದೇನು?"

"ನಾಳಿಗಿ ನಿಮಗ ಕಂಡ್ರ ಮಲಗ್ತದಲ್ಲ?"

"ನನಗ ಕಂಡ ಮ್ಯಾಲ ಅದಕ್ಕೇನು ಕೆಲಸ ಐತಿ? ಮಲಗಲಿ ಬಿಡು, ದಣದಿರ್ತದ."

ಓದು ಬರಹ ಬಾರದ ಅಜ್ಜಿ ನನ್ನ ಏಳು ನಿಯಮಗಳಲ್ಲಿ ಒಂದನ್ನೂ ಮುರಿಯದೆ ದಾರಿ ತೋರಿಸಿದ್ದಳು. ನಾನು ಪುಸ್ತಕ ತೆಗೆದು ಎರಡೆರಡು ಸಲ ನೋಡಿದೆ. ಎಲ್ಲಿಯೂ ತಪ್ಪಿರಲಿಲ್ಲ. ಹುಡುಗಿ ಆಗಲೇ ಮುಂದಿನದಕ್ಕೆ ಹೋಗಿದ್ದಳು. ಉಳಿದ ಇಪ್ಪತ್ತೆರಡು? ತಮ್ಮನ ಕೆಮ್ಮು, ಎಮ್ಮೆ, ಅಪ್ಪನ ಸೀಟು? ಉತ್ತರವೂ ಅವಳದೇ. ಅವನ್ನೂ ಉಡಿಗೆ ಹಾಕಿಬಿಡೋಣ. ಎಲ್ಲ ಕೊಟ್ಟ ಮೇಲೆ ನನ್ನದು ಎಂಬ ಕಲ್ಲೇ ಇರುವುದಿಲ್ಲ, ಆಗ ಹೇಳುತ್ತೇನೆ ಎಂದಳು. ಆಮೇಲೆ ನನ್ನ ಕಡೆ ತಿರುಗಿದಳು. ಕಲ್ಲುಗಳು ಮೊದಲಿಗೆ ನನ್ನವಲ್ಲವೇ, ಕೊಡಲೇ ಎಂದು ಕೇಳಲು. ಎಂಟು ವರ್ಷದ ಕಲ್ಲುಗಳು. ತಾರೀಖುಗಳು ನನ್ನಲ್ಲೇ ಉಳಿಯುತ್ತವೆ, ಕೊಡು ಎಂದೆ.

ಸಂಜೆ ನಾಲ್ಕಕ್ಕೆ ಅಕ್ಕ ಬಂದಳು. ಅವಳಿಗೆ ಒಂದು ಮಾತನ್ನೂ ಹೇಳದೆ, ಕೂಸನ್ನು ಭಾವನ ಹತ್ತಿರ ಬಿಟ್ಟು ಒಳಗೆ ಬಂದು ಕೂಡು ಎಂದೆ. ಹತ್ತು ಮಂಚದ ಹೆಂಗಸರ ವಾರ್ಡು. ಎಂಟು ಮಂಚಗಳ ರೋಗಿಗಳು, ಅವರ ಜೊತೆಗೆ ಬಂದ ಎಂಟು ಜನ, ಅಜ್ಜಿಯ ಸೊಸೆ, ಇಬ್ಬರು ನರ್ಸ್, ನೆಲ ಒರೆಸುವಾಕೆ. ಹುಡುಗಿ ಕಪ್ಪು ಕನ್ನಡಕ ಬದಿಗಿಟ್ಟು ಕಣ್ಣು ಬಿಗಿಯಾಗಿ ಮುಚ್ಚಿದಳು. ಕಲ್ಲು ಇನ್ನೂ ತನ್ನವಿರುವಾಗ ನೋಡಬಾರದಲ್ಲ. ನಾನು ಡಬ್ಬಿ ಹಿಡಿದು ಜೊತೆಗೆ ನಡೆದೆ.

ಮೊದಲನೆಯ ಮಂಚದಾಕೆ ನಗುತ್ತ ಸೆರಗು ಒಡ್ಡಿದಳು. ಎರಡನೆಯವಳೂ ಒಡ್ಡಿದಳು. ನರ್ಸಿಗೆ ಸೆರಗಿರಲಿಲ್ಲ, ಬಿಳಿ ಕೋಟಿನ ತುದಿ ಹಿಡಿದಳು. ಮೂರನೆಯ ಮಂಚದ ಮುದುಕಿ ಹಿಂದೆ ಸರಿದಳು. ನನಗ ಬ್ಯಾಡವ್ವಾ, ನಾ ಅಂಥಾಕಿ ಅಲ್ಲ ಎಂದಳು. ಹುಡುಗಿ ಕಣ್ಣು ಮುಚ್ಚಿಕೊಂಡೇ ನಿಂತಳು, ಕಲ್ಲು ಮುಂದೆ ಹಿಡಿದು.

"ನನಗ ಯಾರು ಎಂಥಾಕಿ ಗೊತ್ತಾಗಂಗಿಲ್ರೀ ಯವ್ವಾ," ಎಂದಳು. "ನೀವು ಒಡ್ಡ್ರಿ."

ಆ ಮುದುಕಿ ನಮ್ಮ ಅಜ್ಜಿಯ ಕಡೆ ನೋಡಿದಳು. ಅಜ್ಜಿ ಒಂದು ಕಣ್ಣಿನ ಪಟ್ಟಿಯೊಂದಿಗೆ ಎದ್ದು ಕೂತು ತನ್ನ ಮುಷ್ಟಿ ಎತ್ತಿ ತೋರಿಸಿದಳು. ಮುದುಕಿ ಸೆರಗು ಒಡ್ಡಿದಳು. ಒಡ್ಡುವಾಗ ಅವಳ ಬೆರಳು ಸೆರಗಿನ ತುದಿ ಹುಡುಕಲು ತಡವರಿಸಿದವು, ರೂಢಿ ತಪ್ಪಿದ ಕೆಲಸದಂತೆ. ಹಾಗೆ ತಡವರಿಸಿದವರು ಆ ವಾರ್ಡಿನಲ್ಲಿ ಐದು ಜನ. ಐವರ ಸೆರಗಿಗೂ ಕಲ್ಲು ಬಿತ್ತು. ಪ್ರತಿ ಕಲ್ಲನ್ನೂ ಹುಡುಗಿ ಮುಟ್ಟಿ ಅದರ ಗುಣ ಹೇಳಿದಳು: ಇದು ತಣ್ಣಂದು, ಇದರ ಬೆನ್ನಿಗೆ ಬಿರುಕದ, ಇದು ಉಜ್ಜಿದ್ರ ಒಳಗ ದೀಪ ಹತ್ತತದ. ಎಲ್ಲರಿಗೂ ಒಂದೇ ಎಚ್ಚರಿಕೆ, ಇದರ ಮುಂದೆ ಕಾಣುತ್ತದೆ ಎನ್ನಬೇಡಿ. ಕಣ್ಣಿನ ಆಸ್ಪತ್ರೆಯಲ್ಲಿ ಡಾಕ್ಟರು ಕೇಳುವುದೇ ಅದನ್ನಲ್ಲವೇ ಎಂದು ಯಾರೋ ಅಂದರು. ಡಾಕ್ಟರು ಬರುವಾಗ ಕಲ್ಲು ಸೊಸೀ ಕೈಯಾಗ ಕೊಟ್ಟು ಹೊರಗ ದಬ್ಬರಿ ಎಂದಳು ಅಜ್ಜಿ. ವಾರ್ಡಿಗೆ ವಾರ್ಡೇ ನಕ್ಕಿತು. ನನಗೆ ಮಾತ್ರ ನಗು ಬರಲಿಲ್ಲ. ದೊಡ್ಡದೊಂದು ಕೆಲಸ ನಡೆಯುತ್ತಿದ್ದಾಗ ಪಕ್ಕದಲ್ಲಿ ಡಬ್ಬಿ ಹಿಡಿದು ನಿಂತವಳು ನಾನು.

ಇಪ್ಪತ್ತು ಹೋದವು. ಇಪ್ಪತ್ತೊಂದನೆಯದನ್ನು, ಕೂಸಿನ ಕೆಮ್ಮಿನದನ್ನು, ಅಕ್ಕನ ಉಡಿಗೆ ಹಾಕಿದಳು. ಏನು ನಡೆಯುತ್ತಿದೆಯೆಂದು ತಿಳಿಯದ ಅಕ್ಕ, ಮಗಳಿಗೆ ತಲೆ ಕೆಟ್ಟಿತೋ ಏನೋ ಎಂಬಂತೆ ನನ್ನನ್ನು ನೋಡಿದಳು. ಕೊನೆಯದು, ಆರು ಮೂಲೆಯದು, ನನ್ನ ದುಪಟ್ಟಾದ ತುದಿಗೆ ಬಿತ್ತು. ಯಾವ ಕೆಲಸ ಹೇಳಿದ್ದಳೋ ನನಗೆ ತಿಳಿಸಲಿಲ್ಲ.

ಹುಡುಗಿ ಡಬ್ಬಿಯೊಳಗೆ ಕೈ ಹಾಕಿ ಎಲ್ಲ ಮೂಲೆ ತಡವಿ ನೋಡಿದಳು. ಖಾಲಿ. ಕಣ್ಣು ತೆರೆದಳು. ಅಕ್ಕನ ಮುಂದೆ ಹೋಗಿ ನಿಂತು, ಒಂದು ಬೆರಳಿನಿಂದ ಅಕ್ಕನ ಗಲ್ಲದ ಮೇಲಿನ ಹಚ್ಚೆಯನ್ನು ಸರಿಯಾಗಿ ಮುಟ್ಟಿದಳು.

"ಕಾಣ್ತದ ಬೇ ಅವ್ವಾ," ಎಂದಳು, ವಾರ್ಡಿನ ಕೊನೆಯ ಮಂಚಕ್ಕೂ ಕೇಳುವಂತೆ.

ಅಕ್ಕ ಮೊದಲು ಅವಳ ಬೆನ್ನಿಗೆ ಒಂದು ಬಾರಿಸಿದಳು. ಆಮೇಲೆ ಅಪ್ಪಿಕೊಂಡು ಅತ್ತಳು, ನಿನ್ನೆಯದನ್ನೂ ಸೇರಿಸಿ. ಸಂಜೆ ಡಾಕ್ಟರಮ್ಮ ಗೋಡೆಯ ಅಕ್ಷರ ಓದಿಸಿದರು. ಮೇಲಿನ ನಾಲ್ಕು ಸಾಲು ಓದಿದಳು. ಕನ್ನಡಕ ಬರುತ್ತದೆ, ಆದರೆ ಓದುತ್ತಾಳೆ ಎಂದರು. ನಿನ್ನೆ ಯಾಕೆ ಸುಳ್ಳು ಹೇಳಿದಳು ಎಂದು ನನ್ನನ್ನು ಕೇಳಿದರು. ಮಾತು ಕೊಟ್ಟಿದ್ದಳ್ರೀ ಎಂದಷ್ಟೇ ಹೇಳಿದೆ.

ಹದಿನೈದರ ಬೆಳಿಗ್ಗೆ ಅಜ್ಜಿಯ ಪಟ್ಟಿ ಬಿಚ್ಚಿದರು. ಹುಡುಗಿ ಮಂಚದ ಕಾಲಿನ ಹತ್ತಿರ ನಿಂತಿದ್ದಳು, ಮುಖವನ್ನು ಗೋಡೆಗೆ ತಿರುಗಿಸಿ. ಕಲ್ಲು ಅಜ್ಜಿಯದಾದರೂ ಕೆಲಸ ಮುಗಿಯುವವರೆಗೆ ನೋಡುವುದು ಬೇಡ ಎಂದಿದ್ದಳು. ಡಾಕ್ಟರಮ್ಮ ಬೆರಳು ಎತ್ತಿ ಹಿಡಿದು ಕೇಳಿದರು. ಅಜ್ಜಿ ರೆಪ್ಪೆ ಬಡಿಯುತ್ತ ಬೆರಳು ನೋಡಿದಳು, ಕಿಟಕಿ ನೋಡಿದಳು, ಸೊಸೆಯ ಮುಖ ನೋಡಿದಳು, ತನ್ನ ಕೈಯ ಸುಕ್ಕುಗಳನ್ನು ಮೇಲೆ ಕೆಳಗೆ ಮಾಡಿ ನೋಡಿದಳು. ಸೊಸೆ ಸೆರಗಿನಿಂದ ಬಾಯಿ ಒತ್ತಿಕೊಂಡಿದ್ದಳು. ಆಮೇಲೆ ಅಜ್ಜಿ ಮುಷ್ಟಿಯನ್ನು ತುಟಿಗೆ ಹಚ್ಚಿ, ಅದರೊಳಗಿನದಕ್ಕೆ ಮೊದಲು ಹೇಳಿದಳು, ಆಮೇಲೆ ಡಾಕ್ಟರಿಗೆ.

"ಕಾಣ್ತದ."

ಹುಡುಗಿ ತಿರುಗಿದಳು. ಅಜ್ಜಿ ಅಂಗೈ ಬಿಚ್ಚಿ ಮುಂದೆ ಚಾಚಿದಳು. ಕಿಟಕಿಯ ಬಿಸಿಲು ಕಲ್ಲಿನೊಳಗೆ ಇಳಿದು ಸುಕ್ಕುಗಳ ಮೇಲೆ ಚುಕ್ಕೆ ಚುಕ್ಕೆಯಾಗಿ ಬಿದ್ದಿತ್ತು. ಹುಡುಗಿ ಹತ್ತಿರ ಬಂದು, ಉಸಿರು ಹಿಡಿದು, ಬಹಳ ಹೊತ್ತು ಬಗ್ಗಿ ನೋಡಿದಳು. ಅದನ್ನು ಅವಳು ನೋಡುವುದು ಅದೇ ಮೊದಲು.

"ನಾ ಇದನ್ನ ಇನ್ನಾ ದೊಡ್ಡದು ಅನ್ಕೊಂಡಿದ್ದೆ," ಎಂದಳು.

ಅಜ್ಜಿ ಕಲ್ಲನ್ನು ಬಿಟ್ಟು ಅವಳ ಮುಖವನ್ನೇ, ಹಣೆಯಿಂದ ಗಲ್ಲದವರೆಗೆ, ನೋಡುತ್ತಿದ್ದಳು.

"ನಾನೂ ನಿನ್ನ ಇನ್ನಾ ದೊಡ್ಡಾಕಿ ಅನ್ಕೊಂಡಿದ್ದೆ ಬಿಡು," ಎಂದಳು.